ಸಾರ್ಬೆ ಅಂದ್ರೆ ನಮ್ಮ ಶರಬತ್ತೇ ಕಣ್ರೀ

ಬೆಂಗಳೂರಿನ ಯಾವುದಾದ್ರೂ ದುಬಾರಿ ರೆಸ್ಟೋರೆಂಟಿನ ಮೆನು ಕಾರ್ಡಿನ ಕೊನೇ ಪುಟ ತೆಗೆದು ನೋಡಿ. ಬ್ರೌನಿ, ಚೀಸ್‌ಕೇಕ್‌ಗಳ ನಡುವೆ 'ಸಾರ್ಬೆ' ಅಂತ ಒಂದಿರುತ್ತೆ. ಬರೆಯುವಾಗ ಕೊನೆಗೆ 'ಟಿ' ಇರುತ್ತೆ, ಹೇಳುವಾಗ ಅದನ್ನ ನುಂಗಿಬಿಡಬೇಕು. ಹಾಗೆ ನುಂಗಿದ್ದಕ್ಕೇ ಅರ್ಧ ದುಡ್ಡು ಅಂತ ನನ್ನ ಅನುಮಾನ. ಯಾಕಂದ್ರೆ ಅದರೊಳಗೆ ಹಾಲಿಲ್ಲ, ಕೆನೆ ಇಲ್ಲ, ಮೊಟ್ಟೆ ಇಲ್ಲ. ಹಣ್ಣಿನ ತಿರುಳು, ಸಕ್ಕರೆ, ಒಂಚೂರು ನಿಂಬೆಹುಳಿ, ಇಷ್ಟನ್ನ ಹೆಪ್ಪುಗಟ್ಟಿಸಿರುತ್ತಾರೆ. ಊಟ ಆದ್ಮೇಲೂ ಹೊಟ್ಟೆಗೆ ಭಾರ ಅನ್ನಿಸದ, ನಾಲಿಗೆ ಮೇಲೆ ಇಟ್ಟ ಕೂಡ್ಲೇ ಕರಗಿಹೋಗೋ ತಿನಿಸು.

ಈ ಸಾರ್ಬೆಯ ಜಾತಕ ತೆಗೆದ್ರೆ ಮಜಾ ಇದೆ. ಅರಬ್ಬಿಯಲ್ಲಿ 'ಕುಡಿಯುವುದು' ಅನ್ನೋ ಅರ್ಥದ ಒಂದು ಧಾತು ಇದೆ. ಅದರಿಂದ ಹುಟ್ಟಿದ್ದು ಶರ್ಬತ್. ತುರ್ಕರ ಬಾಯಲ್ಲಿ ಅದು ಶೆರ್ಬೆತ್ ಆಯ್ತು, ಇಟಲಿಯವರ ಬಾಯಲ್ಲಿ ಸೊರ್ಬೆತ್ತೊ, ಫ್ರೆಂಚರ ಬಾಯಲ್ಲಿ ಸಾರ್ಬೆ. ಕೆಮ್ಮಿಗೆ ಕುಡಿಯೋ ಸಿರಪ್ ಕೂಡ ಇದೇ ಕುಟುಂಬದ್ದು. ಪರ್ಷಿಯನ್ ಮಾತಾಡೋರ ಜೊತೆ ಇನ್ನೊಂದು ದಾರಿ ಹಿಡಿದು ಬಂದಿದ್ದು ನಮ್ಮ ಕನ್ನಡದ ಶರಬತ್ತು. ಅಂದ್ರೆ ನಮ್ಮೂರ ಜಾತ್ರೇಲಿ ಬಣ್ಣದ ಬಾಟಲಿ ಇಟ್ಕೊಂಡು ನಿಲ್ಲೋ ಗಾಡಿಯವನೂ, ಇಂದಿರಾನಗರದ ಬಿಳಿ ಟೋಪಿಯ ಷೆಫ್ಫೂ ಮಾರ್ತಿರೋದು ಒಂದೇ ಪದ. ಇಬ್ಬರ ನಡುವೆ ಇರೋ ವ್ಯತ್ಯಾಸ ಒಂದೇ: ತಂಪು.

ಆ ತಂಪಿನ ಕಥೆ ಹೇಳೋಣ ಅಂತಲೇ ಇವತ್ತು ಕೂತಿದ್ದೀನಿ. ಹಣ್ಣು ಎಲ್ಲಾ ಕಾಲದಲ್ಲೂ ಇತ್ತು. ಸಿಹಿಗೆ ಜೇನು, ಬೆಲ್ಲ, ಸಕ್ಕರೆ ಇದ್ವು. ಬೇಸಿಗೆಯಲ್ಲಿ ಅದನ್ನ ತಣ್ಣಗೆ ಮಾಡೋದು ಹೇಗೆ ಅನ್ನೋದೊಂದೇ ಸಾವಿರಾರು ವರ್ಷ ಬಗೆಹರಿಯದ ಬಗ್ ಆಗಿತ್ತು.

ನಮ್ಮ ಕಡೆಯವರು ಇದನ್ನ ನೀರು ಮತ್ತು ಮಣ್ಣಿನಲ್ಲೇ ಸಂಭಾಳಿಸಿದ್ರು. ಹನ್ನೆರಡನೇ ಶತಮಾನದಲ್ಲಿ ಕಲ್ಯಾಣದ ಚಾಲುಕ್ಯ ದೊರೆ ಮೂರನೇ ಸೋಮೇಶ್ವರನ 'ಮಾನಸೋಲ್ಲಾಸ' ಅನ್ನೋ ಸಂಸ್ಕೃತ ಗ್ರಂಥ ಬಂತು. ರಾಜನಾದವನು ಏನೇನು ಭೋಗಿಸಬೇಕು ಅಂತ ಪಟ್ಟಿ ಮಾಡೋ ಪುಸ್ತಕ ಅದು. ಅದರಲ್ಲಿ ನೀರು ಕುಡಿಯೋದಕ್ಕೂ ಒಂದು ಭಾಗ ಇದೆ, ಪಾನಕಗಳ ಮಾತೂ ಇದೆ. ಇವತ್ತಿನ ಬಸವಕಲ್ಯಾಣದ ಬಿಸಿಲು ನೋಡಿದವರಿಗೆ ನೀರಿಗೆ ಅಷ್ಟು ಮರ್ಯಾದೆ ಯಾಕೆ ಅಂತ ಬಿಡಿಸಿ ಹೇಳಬೇಕಾಗಿಲ್ಲ. ಆದರೆ ಆ ಅರಸನ ಪಾನಕ ಎಷ್ಟೇ ಘಮಘಮ ಅಂದ್ರೂ ಮಣ್ಣಿನ ಪಾತ್ರೆ ಕೊಡೋದಕ್ಕಿಂತ ಹೆಚ್ಚಿನ ತಂಪು ಅದಕ್ಕೆ ಸಿಗೋ ಹಾಗಿರಲಿಲ್ಲ. ಮಡಕೆಯ ಸೂಕ್ಷ್ಮ ರಂಧ್ರಗಳಿಂದ ನೀರು ಜಿನುಗಿ ಆವಿಯಾಗುತ್ತೆ, ಆವಿಯಾಗುವಾಗ ಒಳಗಿನ ಶಾಖ ಹೊತ್ಕೊಂಡು ಹೋಗುತ್ತೆ. ಒಣಹವೆಯಲ್ಲಿ ಇದು ಚೆನ್ನಾಗಿ ನಡೆಯುತ್ತೆ. ಆದ್ರೆ ಎಷ್ಟೇ ಮಾಡಿದ್ರೂ ಮಡಕೆ ನೀರು ಮಂಜುಗಡ್ಡೆ ಆಗಲ್ಲ.

ನಾನು ಹುಟ್ಟಿ ಬೆಳೆದ ಊರು ಸಿರಾ ಸೀಮೆಯದು. ಅಲ್ಲಿ ರಾಮನವಮಿಗೆ ಕರಬೂಜದ ಪಾನಕ ಆಗಲೇಬೇಕು. ಹಣ್ಣು ಹೆಚ್ಚಿ, ಬೀಜ ತೆಗೆದು, ಕೈಯಲ್ಲೇ ಕಿವುಚಿ, ಬೆಲ್ಲ, ಏಲಕ್ಕಿ ಹಾಕಿ ಮಡಕೆಗೆ ಸುರಿದು, ಸುತ್ತ ಒದ್ದೆ ಬಟ್ಟೆ ಕಟ್ಟಿ ನೆರಳಲ್ಲಿಡೋರು ನಮ್ಮಜ್ಜಿ. ಈ 'ಕರಬೂಜ' ಅನ್ನೋ ಹೆಸರು ಪರ್ಷಿಯನ್ನಿನ ಖರ್ಬೂಜಾ. ಕೂಜಾ ಕೂಡ ಅಲ್ಲಿಂದಲೇ ಬಂದಿದ್ದು. ಬರ್ಫಿಯ ಮೂಲ 'ಬರ್ಫ್', ಅಂದ್ರೆ ಹಿಮ. ರಾಮನ ಹಬ್ಬ, ಪರ್ಷಿಯನ್ ಹೆಸರಿನ ಹಣ್ಣು, ಕನ್ನಡದ ಮಡಕೆ. ನಮ್ಮ ಅಡುಗೆಮನೆಗಳು ಯಾವತ್ತೂ ಯಾರ ಪಾಸ್‌ಪೋರ್ಟೂ ಕೇಳಿದ್ದಿಲ್ಲ.

ಸಿರಾ ಅಂದ್ರೆ ಹೈವೇ ಮೇಲೆ ಕಾಫಿಗೆ ನಿಲ್ಲಿಸೋ ಊರು ಅಂತ ನಿಮಗೆ ಗೊತ್ತಿರಬಹುದು. ಆದರೆ 1687ರಲ್ಲಿ ಔರಂಗಜೇಬನ ಸೇನೆ ಗೆದ್ದ ಮೇಲೆ ಅದು ಮೊಗಲರ ಒಂದು ಪ್ರಾಂತ್ಯದ ರಾಜಧಾನಿ ಆಗಿತ್ತು. ಅಲ್ಲಿ ಅರಮನೆ ಎದ್ದಿತು, ಖಾನ್ ಬಾಗ್ ಅನ್ನೋ ತೋಟ ಎದ್ದಿತು. 1760ರಲ್ಲಿ ಹೈದರಾಲಿ ಬೆಂಗಳೂರಿನಲ್ಲಿ ಲಾಲ್‌ಬಾಗ್ ಮಾಡಿಸೋಕೆ ಹೊರಟಾಗ ಅವನ ಕಣ್ಣ ಮುಂದೆ ಇದ್ದ ಮಾದರಿ ಸಿರಾದ ತೋಟ ಅಂತಾರೆ ಇತಿಹಾಸಕಾರರು. ವೀಕೆಂಡಿಗೆ ಲಾಲ್‌ಬಾಗಿನಲ್ಲಿ ಜಾಗಿಂಗ್ ಮಾಡ್ತೀರಲ್ಲ, ಒಂದ್ಸಲ ನಮ್ಮೂರನ್ನ ನೆನೆಸ್ಕೊಳಿ.

ಮೊಗಲರ ಮಾತು ಬಂದಮೇಲೆ ಬಾಬರನನ್ನ ಬಿಡೋ ಹಾಗಿಲ್ಲ. ಈ ದೇಶ ಗೆದ್ದು ಕೂತ ಮನುಷ್ಯ ತನ್ನ ಆತ್ಮಕಥೆಯಲ್ಲಿ ಹಿಂದೂಸ್ತಾನದ ಬಗ್ಗೆ ಒಂದು ದೊಡ್ಡ ಕಂಪ್ಲೇಂಟ್ ಪಟ್ಟಿ ಕೊಟ್ಟಿದ್ದಾನೆ. ಒಳ್ಳೇ ಕುದುರೆ ಇಲ್ಲ, ಒಳ್ಳೇ ನಾಯಿ ಇಲ್ಲ, ದ್ರಾಕ್ಷಿ ಇಲ್ಲ, ಕರಬೂಜ ಇಲ್ಲ, ಮಂಜುಗಡ್ಡೆ ಇಲ್ಲ, ತಣ್ಣೀರಿಲ್ಲ. ಆಗ್ತಾನೇ ಆನ್‌ಸೈಟಿಗೆ ಹೋದ ಹುಡುಗ ಮನೆಗೆ ವಾಟ್ಸಾಪ್ ಮಾಡ್ದಂಗೆ ಇದೆ. ಇದೇ ಬಾಬರ್ ಮುಂದೆ 1529ರಲ್ಲಿ ಕಾಬೂಲಿನಲ್ಲಿದ್ದ ಗೆಳೆಯನಿಗೆ ಬರೆದ ಪತ್ರದಲ್ಲಿ, ಅಲ್ಲಿಂದ ಬಂದ ಒಂದು ಕರಬೂಜ ಹೆಚ್ಚಿ ತಿನ್ನುವಾಗ ಅಳು ತಡೆಯೋಕಾಗಲಿಲ್ಲ ಅಂತ ಹೇಳ್ಕೊಂಡಿದ್ದಾನೆ. ಸಾಮ್ರಾಜ್ಯ ಕೈಲಿದ್ರೂ ಊರಿನ ಹಣ್ಣು ಕಂಡ್ರೆ ಗಂಟಲು ಕಟ್ಟುತ್ತೆ. ಪಿಜಿಯಲ್ಲಿ ಒಂದು ಕಾಲ ಕಳೆದ ಯಾರಿಗಾದ್ರೂ ಇದು ಅರ್ಥ ಆಗುತ್ತೆ.

ಬಾಬರನ ಮೊಮ್ಮಗ ಅಕ್ಬರನ ಕಾಲಕ್ಕೆ ಈ ಕಂಪ್ಲೇಂಟಿಗೆ ಎರಡು ಪರಿಹಾರ ಸಿಕ್ಕಿದ್ವು. ಅಬುಲ್ ಫಜಲ್ 'ಐನ್-ಇ-ಅಕ್ಬರಿ'ಯಲ್ಲಿ ಎರಡನ್ನೂ ದಾಖಲಿಸಿದ್ದಾನೆ. ಮೊದಲನೆಯದು ಪೆಟ್ಲುಪ್ಪು. ಕೋವಿಮದ್ದಿಗೆ ಹಾಕ್ತಾರಲ್ಲ, ಅದೇ. ಐದು ಸೇರು ನೀರಿಗೆ ಎರಡೂವರೆ ಸೇರು ಪೆಟ್ಲುಪ್ಪು ಹಾಕಬೇಕು. ಒಂದು ಸೇರು ಕುಡಿಯೋ ನೀರು ತುಂಬಿ ಬಾಯಿ ಬಿಗಿದ ತವರದ ಇಲ್ಲವೇ ಬೆಳ್ಳಿಯ ಕೂಜಾನ ಅದರೊಳಗಿಟ್ಟು ಕಾಲು ಗಂಟೆ ತಿರುಗಿಸಬೇಕು. ಒಳಗಿನ ನೀರು ತಣ್ಣಗಾಗುತ್ತೆ. ಕಾರಣ ಪಿಯುಸಿ ಕೆಮಿಸ್ಟ್ರಿಯಲ್ಲೇ ಇದೆ: ಪೆಟ್ಲುಪ್ಪು ನೀರಲ್ಲಿ ಕರಗುವಾಗ ಸುತ್ತಲಿನ ಶಾಖ ಹೀರ್ಕೊಳ್ಳುತ್ತೆ. ಯುದ್ಧದಲ್ಲಿ ಬೆಂಕಿ ಉಗುಳೋ ವಸ್ತು ಮನೆಯಲ್ಲಿ ನೀರು ತಂಪು ಮಾಡ್ತಿತ್ತು.

ಎರಡನೆಯದು ಲಾಜಿಸ್ಟಿಕ್ಸ್. 1586ರ ಹೊತ್ತಿಗೆ ದರ್ಬಾರು ಲಾಹೋರಿಗೆ ಹೋದಾಗ ಉತ್ತರದ ಬೆಟ್ಟಗಳ ಹಿಮ ಕೈಗೆಟುಕೋ ದೂರಕ್ಕೆ ಬಂತು. ಸುಮಾರು 45 ಕೋಸು ದೂರದಿಂದ ದೋಣಿ, ಗಾಡಿ, ಹೊರೆಯಾಳುಗಳ ಮೂಲಕ ಹಿಮ ತರಿಸ್ತಿದ್ರು. ಹತ್ತು ದೋಣಿಗಳು ಇದಕ್ಕೇ ಮೀಸಲು. ಒಂದೊಂದರಲ್ಲಿ ನಾಲ್ಕು ಜನ ಅಂಬಿಗರು, ದಿನಕ್ಕೊಂದು ದೋಣಿ ರಾಜಧಾನಿ ಮುಟ್ಟೋ ಹಾಗೆ ಸರದಿ. ಒಂದು ಕಂಟೆ ಹಿಮ ತಲುಪೋ ಹೊತ್ತಿಗೆ ಎಷ್ಟು ಉಳೀತು ಅನ್ನೋದು ಆವತ್ತಿನ ಸೆಕೆ ಮೇಲೆ. ದಾರೀಲಿ ಕರಗಿದ್ದೆಲ್ಲಾ ನಷ್ಟದ ಲೆಕ್ಕ. ಇವತ್ತು ನಾವು ಪ್ಯಾಕೆಟ್ ಲಾಸ್ ಅಂತೀವಲ್ಲ, ಥೇಟ್ ಅದೇ.

ಆದರೆ ಶರಬತ್ತು ತಣ್ಣಗಾದ್ರೆ ಸಾರ್ಬೆ ಆಗಲ್ಲ. ಹೆಪ್ಪುಗಟ್ಟಬೇಕು. ಅದಕ್ಕೆ ಸೊನ್ನೆ ಡಿಗ್ರಿಗಿಂತ ಕೆಳಗಿನ ಚಳಿ ಬೇಕು, ಬರೀ ಐಸ್ ಮೇಲಿಟ್ರೆ ಸಾಲದು. ಇಲ್ಲಿ ಕೆಲಸಕ್ಕೆ ಬಂದಿದ್ದು ಮಂಜಿಗೆ ಉಪ್ಪು ಬೆರೆಸೋ ಉಪಾಯ. ಹದಿಮೂರನೇ ಶತಮಾನದ ಅರಬ್ಬೀ ವೈದ್ಯ ಇಬ್ನ್ ಅಬಿ ಉಸೈಬಿಯ ಪೆಟ್ಲುಪ್ಪಿನಿಂದ ನೀರು ಹೆಪ್ಪುಗಟ್ಟಿಸೋದನ್ನ ಬರೆದಿಟ್ಟಿದ್ದಾನೆ. ಹದಿನಾರನೇ ಶತಮಾನದಲ್ಲಿ ಇಟಲಿಯ ಜಾಂಬಾತಿಸ್ತಾ ದೆಲ್ಲಾ ಪೋರ್ತಾ ಹಿಮ ಮತ್ತು ಪೆಟ್ಲುಪ್ಪಿನಿಂದ ವೈನ್ ಹೆಪ್ಪುಗಟ್ಟಿಸೋ ವಿಧಾನ ಪ್ರಕಟಿಸಿದ. 1690ರ ದಶಕದಲ್ಲಿ ನೇಪಲ್ಸಿನ ಅಂತೋನಿಯೊ ಲಾತೀನಿ ತನ್ನ ಅಡುಗೆ ಪುಸ್ತಕದಲ್ಲಿ ಸೊರ್ಬೆತ್ತೊ ರೆಸಿಪಿಗಳನ್ನ ಕೊಟ್ಟ. ಅದಕ್ಕೂ ಸ್ವಲ್ಪ ಮುಂಚೆ, 1686ರಲ್ಲಿ, ಸಿಸಿಲಿಯ ಪ್ರೊಕೋಪಿಯೊ ಅನ್ನೋನು ಪ್ಯಾರಿಸ್ಸಿನಲ್ಲಿ ಕೆಫೆ ತೆರೆದು ಕಾಫಿ ಜೊತೆ ಈ ಹಿಮದ ತಿನಿಸನ್ನೂ ಮಾರಿದ. ಅರಮನೆಯೊಳಗೆ ಇದ್ದ ವಸ್ತು ದುಡ್ಡು ಕೊಟ್ರೆ ಬೀದಿಯಲ್ಲೂ ಸಿಗೋ ಹಾಗಾಯ್ತು.

ಉಪ್ಪು ಹೇಗೆ ಕೆಲಸ ಮಾಡುತ್ತೆ ಅಂತ ಇಲ್ಲೇ ಹೇಳಿಬಿಡ್ತೀನಿ. ಶುದ್ಧ ಮಂಜು ಕರಗೋದು ಸೊನ್ನೆ ಡಿಗ್ರಿಯಲ್ಲಿ. ಉಪ್ಪು ಸೇರಿದ್ರೆ ಕರಗೋ ಬಿಂದು ಕೆಳಗಿಳಿಯುತ್ತೆ, ಮಂಜು ಕರಗೋಕೆ ಶುರು ಮಾಡುತ್ತೆ. ಕರಗೋಕೆ ಶಾಖ ಬೇಕಲ್ಲ, ಪ್ರತಿ ಕಿಲೋ ಮಂಜಿಗೆ 334 ಕಿಲೋಜೂಲ್. ಅದನ್ನ ಮಂಜು ತನ್ನಿಂದಲೂ, ಪಕ್ಕದಲ್ಲಿರೋ ಡಬ್ಬಿಯಿಂದಲೂ ಕಿತ್ಕೊಳ್ಳುತ್ತೆ. ಸರಿಯಾದ ಪ್ರಮಾಣದಲ್ಲಿ ಬೆರೆಸಿದ್ರೆ ಈ ಮಿಶ್ರಣ ಮೈನಸ್ 21 ಡಿಗ್ರಿವರೆಗೂ ಇಳಿಯಬಲ್ಲದು. ನಿಮ್ಮ ಮನೆ ಫ್ರಿಜ್ಜಿನ ಫ್ರೀಜರ್ ಮೈನಸ್ 18ರ ಆಸುಪಾಸು ಇರುತ್ತೆ. ಅಂದ್ರೆ ಒಂದು ಬಕೆಟ್ ಐಸು, ಒಂದಿಷ್ಟು ಕಲ್ಲುಪ್ಪು ಸೇರಿದ್ರೆ ಕರೆಂಟಿನ ಯಂತ್ರಕ್ಕಿಂತ ಒಂದು ಕೈ ಮೇಲೆ.

ಇನ್ನು ಹಿಮವೇ ಬೀಳದ ಬಯಲುಸೀಮೆಯಲ್ಲಿ ಮಂಜುಗಡ್ಡೆ ಎಲ್ಲಿಂದ ಬರಬೇಕು? ಇದಕ್ಕೆ ಉತ್ತರ ಅಲಹಾಬಾದಿನಲ್ಲಿತ್ತು. ನನ್ನ ಪ್ರಕಾರ ಈ ಇಡೀ ಕಥೆಯಲ್ಲಿ ಅತ್ಯಂತ ಜಾಣ ಇಂಜಿನಿಯರಿಂಗ್ ಇದೇ. 1775ರಲ್ಲಿ ಸರ್ ರಾಬರ್ಟ್ ಬಾರ್ಕರ್ ಅನ್ನೋ ಸೇನಾಧಿಕಾರಿ ಲಂಡನ್ನಿನ ರಾಯಲ್ ಸೊಸೈಟಿಯ ಪತ್ರಿಕೆಯಲ್ಲಿ ಇದನ್ನ ವಿವರವಾಗಿ ಬರೆದ. ಬಯಲಲ್ಲಿ ಸುಮಾರು 30 ಅಡಿ ಚೌಕದ, ಎರಡು ಅಡಿ ಆಳದ ಹೊಂಡ ತೋಡೋದು. ಅದರೊಳಗೆ ಒಣಗಿದ ಕಬ್ಬಿನ ದಂಟೋ, ಜೋಳದ ದಂಟೋ ಅಡಿಯಷ್ಟು ದಪ್ಪಕ್ಕೆ ಹಾಸೋದು. ಮೇಲೆ ಸಾಲಾಗಿ ಆಳವಿಲ್ಲದ, ಹೊಳಪು ಹಾಕದ, ತೆಳ್ಳಗಿನ ಮಣ್ಣಿನ ತಟ್ಟೆಗಳು. ಸಂಜೆ ಕಾಯಿಸಿ ಆರಿಸಿದ ನೀರು ತುಂಬಿಡೋದು. ಬೆಳಗ್ಗೆ ಸೂರ್ಯ ಹುಟ್ಟೋದರೊಳಗೆ ತಟ್ಟೆಗಳಲ್ಲಿ ಮಂಜಿನ ಪದರ ಕಟ್ಟಿರುತ್ತೆ! ಅದನ್ನ ಬುಟ್ಟಿಗಳಲ್ಲಿ ಹೊತ್ತು, ಹುಲ್ಲು, ಕಂಬಳಿ ಹಾಸಿದ ಹದಿನಾಲ್ಕು ಹದಿನೈದು ಅಡಿ ಆಳದ ಗುಂಡಿಗೆ ಹಾಕಿ, ದಿಮ್ಮಿಸಿ, ಬೇಸಿಗೆಗೆ ಅಂತ ಮುಚ್ಚಿಡೋದು.

ಅಲ್ಲಿನ ಕೆರೆಕುಂಟೆಗಳಲ್ಲಿ ತಾನಾಗಿ ನೀರು ಹೆಪ್ಪುಗಟ್ಟಿದ್ದನ್ನ ಬಾರ್ಕರ್ ನೋಡಿದವನೇ ಅಲ್ಲ. ಗಾಳಿಯಲ್ಲಿ ಅಷ್ಟು ಚಳಿ ಇರಲಿಲ್ಲ. ಹಾಗಾದ್ರೆ ಮಂಜು ಕಟ್ಟಿದ್ದು ಹೇಗೆ? ಮೋಡ ಇಲ್ಲದ ರಾತ್ರಿ ನೀರು ತನ್ನ ಶಾಖವನ್ನ ವಿಕಿರಣವಾಗಿ ನೇರ ಆಕಾಶಕ್ಕೆ ಬಿಟ್ಟುಕೊಡುತ್ತೆ. ಕೆಳಗಿನ ದಂಟಿನ ಹಾಸು ನೆಲದ ಬಿಸಿ ಮೇಲೆ ಬರದ ಹಾಗೆ ತಡೆಯುತ್ತೆ. ಮಣ್ಣಿನ ತಟ್ಟೆಯ ಆವಿ ಇನ್ನಷ್ಟು ತಂಪು ಮಾಡುತ್ತೆ. ಮೂರೂ ಸೇರಿದ್ರೆ ಮಂಜು. 2014ರಲ್ಲಿ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ಸಂಶೋಧಕರು ಹಗಲು ಬಿಸಿಲಲ್ಲೇ ಶಾಖವನ್ನ ಆಕಾಶಕ್ಕೆ ಕಳಿಸಿ, ಸುತ್ತಲ ಗಾಳಿಗಿಂತ ಸುಮಾರು ಐದು ಡಿಗ್ರಿ ತಂಪಾಗೋ ಫಲಕ ಮಾಡಿದ್ರು ಅಂತ ದೊಡ್ಡ ಸುದ್ದಿಯಾಯ್ತು. ಅದರ ಹಿಂದಿನ ತತ್ವ ಅಲಹಾಬಾದಿನ ಹೊಂಡದ್ದೇ. ಕಬ್ಬಿನ ದಂಟು ಹಾಸಿ, ರಾತ್ರಿ ಚಳಿಯಲ್ಲಿ ನಡುಗ್ತಾ ತಟ್ಟೆ ತುಂಬಿದವರಲ್ಲಿ ಒಬ್ಬರ ಹೆಸರನ್ನೂ ಬಾರ್ಕರನ ಲೇಖನ ಉಳಿಸಲಿಲ್ಲ. ಪೇಪರಿನ ಮೇಲೆ ಇರೋದು ಬಾರ್ಕರನ ಹೆಸರು ಮಾತ್ರ. ನಮ್ಮ ಆಫೀಸುಗಳಲ್ಲೂ ಡೆಮೊ ಕೊಟ್ಟವನ ಹೆಸರೇ ತಾನೇ ಉಳಿಯೋದು.

ಇಷ್ಟು ಚಂದದ ತಂತ್ರಜ್ಞಾನವನ್ನ ಮುಳುಗಿಸಿದ್ದು ಬೋಸ್ಟನ್ನಿನ ಒಬ್ಬ ವ್ಯಾಪಾರಿ. ಫ್ರೆಡ್ರಿಕ್ ಟ್ಯೂಡರ್ ಅಂತ. ಚಳಿಗಾಲದಲ್ಲಿ ಅಮೆರಿಕದ ಕೆರೆಗಳ ಮೇಲೆ ಪುಕ್ಕಟೆ ಕಟ್ಟೋ ಮಂಜುಗಡ್ಡೇನ ಕೊಯ್ದು ಬಿಸಿ ದೇಶಗಳಿಗೆ ಮಾರಬೇಕು ಅನ್ನೋದು ಅವನ ಸ್ಟಾರ್ಟಪ್ ಐಡಿಯಾ. 1806ರಲ್ಲಿ ಕೆರಿಬಿಯನ್ನಿನ ಮಾರ್ಟಿನೀಕ್ ದ್ವೀಪಕ್ಕೆ ಮೊದಲ ಹಡಗು ಹೋಯ್ತು, ನಷ್ಟ ಆಯ್ತು, ಊರೆಲ್ಲಾ ನಕ್ಕರು. ಸಾಲ ತೀರಿಸಲಾರದೆ ಜೈಲಿಗೂ ಹೋಗಿ ಬಂದ. ಆದ್ರೂ ಬಿಡಲಿಲ್ಲ. 1833ರ ಮೇ 12ರಂದು 'ಟಸ್ಕನಿ' ಅನ್ನೋ ಹಡಗು 180 ಟನ್ ಮಂಜುಗಡ್ಡೆ ಹೊತ್ತು ಬೋಸ್ಟನ್ನಿಂದ ಕಲ್ಕತ್ತೆಗೆ ಹೊರಟಿತು. ನಾಲ್ಕು ತಿಂಗಳ ಪ್ರಯಾಣ, ಭೂಮಧ್ಯರೇಖೆಯನ್ನ ಎರಡು ಸಲ ದಾಟಬೇಕು. ಸೆಪ್ಟೆಂಬರಿನಲ್ಲಿ ಹಡಗು ತಲುಪಿದಾಗ ಸುಮಾರು 100 ಟನ್ ಹಾಗೇ ಉಳಿದಿತ್ತು! ಕಾಪಾಡಿದ್ದು ಏನು ಗೊತ್ತಾ? ಮರದ ಹೊಟ್ಟು. ನಮ್ಮೂರಿಗೆ ಸೈಕಲ್ ಮೇಲೆ ಐಸ್‌ಕ್ಯಾಂಡಿ ತರ್ತಿದ್ದ ಸಾಬರು ಡಬ್ಬಿ ಸುತ್ತ ಗೋಣಿಚೀಲ ಸುತ್ತಿ ಹೊಟ್ಟು ತುಂಬಿರ್ತಿದ್ರು. ಅವರದ್ದೂ ಟ್ಯೂಡರನದ್ದೂ ಒಂದೇ ವಿದ್ಯೆ.

ಕಲ್ಕತ್ತೆಯ ಬಿಳಿಯರು ಸಂಭ್ರಮದಲ್ಲಿ ತೇಲಿಹೋದರು. ಗವರ್ನರ್ ಜನರಲ್ ಬೆಂಟಿಂಕ್ ಟ್ಯೂಡರನ ಪಾಲುದಾರನಿಗೆ ಬೆಳ್ಳಿಯ ಬಟ್ಟಲನ್ನೇ ಉಡುಗೊರೆ ಕೊಟ್ಟ. ಕಲ್ಕತ್ತಾ, ಬೊಂಬಾಯಿ, ಮದ್ರಾಸುಗಳಲ್ಲಿ ದಪ್ಪ ಗೋಡೆಯ ಐಸ್ ಹೌಸುಗಳು ಎದ್ದವು. ಬೊಂಬಾಯಿಯಲ್ಲಿ ಪಾರ್ಸಿ ಸಾಹುಕಾರ ಜಮ್‌ಶೇಟ್‌ಜಿ ಜೀಜೀಭಾಯ್ ಔತಣಕ್ಕೆ ಐಸ್‌ಕ್ರೀಮ್ ಬಡಿಸಿದ, ಮಾರನೇ ದಿನ ಬಂದವರಿಗೆಲ್ಲಾ ನೆಗಡಿ ಅಂತ ಒಂದು ಕಥೆ ಇದೆ. ಐಸ್ ತಿಂದ್ರೆ ಶೀತ ಆಗುತ್ತೆ ಅಂತ ಬೈಯೋ ಅಮ್ಮಂದಿರ ಪರಂಪರೆ ಎಷ್ಟು ಹಳೇದು ನೋಡಿ. ಮದ್ರಾಸಿನ ಐಸ್ ಹೌಸ್ ಇವತ್ತೂ ಮರೀನಾ ಬೀಚಿನ ಎದುರಿಗೆ ನಿಂತಿದೆ. ಐಸ್ ವ್ಯಾಪಾರ ಮುಗಿದ ಮೇಲೆ ಅದನ್ನ ಬಿಳಿಗಿರಿ ಅಯ್ಯಂಗಾರ್ ಅನ್ನೋ ವಕೀಲರು ಕೊಂಡುಕೊಂಡ್ರು. 1897ರಲ್ಲಿ ಸ್ವಾಮಿ ವಿವೇಕಾನಂದರು ಅಲ್ಲಿ ತಂಗಿದ್ದರು. ಅಮೆರಿಕದಿಂದ ಬಂದ ಮಂಜು ಇಟ್ಟಿದ್ದ ಮನೆ, ಅಮೆರಿಕ ಗೆದ್ದು ಬಂದ ಸನ್ಯಾಸಿಗೆ ತಂಗುದಾಣ ಆಯ್ತು. ಈಗ ಅದು ವಿವೇಕಾನಂದರ ಸ್ಮಾರಕ.

ಇನ್ನೊಂದು ತುದಿಯಲ್ಲಿ ಹೆನ್ರಿ ಡೇವಿಡ್ ಥೋರೊ ಇದ್ದ. 1846-47ರ ಚಳಿಗಾಲದಲ್ಲಿ ಅವನಿದ್ದ ವಾಲ್ಡನ್ ಕೊಳದ ಮೇಲೂ ಕೂಲಿಗಳು ಬಂದು ಮಂಜು ಕೊಯ್ದರು. ಭಗವದ್ಗೀತೆ ಓದಿಕೊಂಡು ಕೂತಿದ್ದ ಆ ಮನುಷ್ಯನಿಗೆ, ಈ ನೀರು ಮದ್ರಾಸು, ಬೊಂಬಾಯಿ, ಕಲ್ಕತ್ತೆಯವರ ಲೋಟಕ್ಕೂ ಹೋಗುತ್ತಲ್ಲ, ತನ್ನ ಕೊಳ ಗಂಗೆಗೆ ಸೇರುತ್ತಲ್ಲ ಅಂತ ಅನ್ನಿಸಿತ್ತು. ಕಲ್ಪನೆ ಚೆನ್ನಾಗಿದೆ. ಆದರೆ ಆ ಮಂಜು ಬಿದ್ದ ಲೋಟಗಳು ಹೆಚ್ಚಾಗಿ ಯಾರವು? ಕಂಪನಿ ಸಾಹೇಬರವು, ನಾಲ್ಕಾರು ಸಾಹುಕಾರರವು. ಐಸ್ ಹೌಸಿನ ಬಾಗಿಲಲ್ಲಿ ಗಡ್ಡೆ ಹೊತ್ತವನ ಬೆನ್ನಿಗೆ ಮಾತ್ರ ತಂಪು ಸಿಕ್ಕಿರಬೇಕು.

ಟ್ಯೂಡರನ ವ್ಯಾಪಾರವನ್ನ ಕೊಂದಿದ್ದು ಯಂತ್ರ. ಫ್ಲಾರಿಡಾದ ಡಾಕ್ಟರ್ ಜಾನ್ ಗೋರಿ ಜ್ವರದ ರೋಗಿಗಳ ಕೋಣೆ ತಂಪು ಮಾಡಬೇಕು ಅಂತ ಹೊರಟು 1851ರಲ್ಲಿ ಮಂಜು ಮಾಡೋ ಯಂತ್ರಕ್ಕೆ ಪೇಟೆಂಟ್ ಪಡೆದ. ಬಂಡವಾಳ ಹಾಕೋರು ಸಿಗದೆ ನಾಲ್ಕೇ ವರ್ಷದಲ್ಲಿ ತೀರಿಹೋದ. 1870ರ ದಶಕದಲ್ಲಿ ಮದ್ರಾಸು, ಕಲ್ಕತ್ತೆಗಳಲ್ಲೇ ಯಂತ್ರದ ಐಸ್ ತಯಾರಾಗೋಕೆ ಶುರುವಾಯ್ತು, ಹಡಗುಗಳು ನಿಂತುಹೋದ್ವು. 1958ರಲ್ಲಿ ಗೋದ್ರೆಜ್ ಭಾರತದಲ್ಲೇ ಫ್ರಿಜ್ ಮಾಡಿತು. ನಮ್ಮ ಮನೆಗೆ ಫ್ರಿಜ್ ಬಂದಿದ್ದು ನಾನು ಬಿಇ ಮುಗಿಸಿ ಕೆಲಸಕ್ಕೆ ಸೇರಿದ ಮೇಲೆ. ಅಂದ್ರೆ ಐವತ್ತು ವರ್ಷ ತಡವಾಗಿ. ಬಂದ ಮೇಲೂ ಕರೆಂಟ್ ಇದ್ದಾಗ ಫ್ರಿಜ್ಜು, ಇಲ್ಲದಾಗ ಬೀರು.

ಇಷ್ಟು ಕಥೆ ಕೂಡಿಸಿ ನೋಡಿದಾಗ ನನಗೆ ಒಂದು ವಿಷಯ ಕಾಣುತ್ತೆ. ತಂಪು ಅನ್ನೋದು ರುಚಿ ಮಾತ್ರ ಅಲ್ಲ, ಅದು ಸಮಯ. ತಂಪು ಇದ್ದವನು ಕಾಯಬಲ್ಲ, ಇಲ್ಲದವನು ಕಾಯಲಾರ.

ಇದನ್ನ ನನಗೆ ಕಲಿಸಿದ್ದು ಇತಿಹಾಸದ ಪುಸ್ತಕ ಅಲ್ಲ, ನಮ್ಮಪ್ಪನ ಕರಬೂಜದ ಹೊಲ. ಎರಡು ಎರಡೂವರೆ ತಿಂಗಳ ಬೆಳೆ. ಹಣ್ಣು ಘಮ್ ಅಂತ ವಾಸನೆ ಬಿಟ್ಟಿತು ಅಂದ್ರೆ ನಾಲ್ಕೈದು ದಿನದಲ್ಲಿ ಹೊಲ ಬಿಡಬೇಕು. ಖರೀದಿಗೆ ಬರೋ ವ್ಯಾಪಾರಿಗೆ ಅದು ಚೆನ್ನಾಗಿ ಗೊತ್ತು. ಅವನು ಬದುವಿನ ಮೇಲೆ ನಿಂತು ಒಂದು ರೇಟು ಹೇಳ್ತಾನೆ. ಅಪ್ಪ ಆಗಲ್ಲ ಅಂತಾರೆ. ಅವನು ನಗ್ತಾ, 'ಯೋಚನೆ ಮಾಡಿ ಗೌಡ್ರೆ, ನಾಡಿದ್ದು ಬರ್ತೀನಿ' ಅಂತ ಬೈಕ್ ಹತ್ತುತ್ತಾನೆ. ನಾಡಿದ್ದು ಬಂದಾಗ ರೇಟು ಇನ್ನೂ ಕೆಳಗೆ ಹೋಗಿರುತ್ತೆ. ಒಂದು ವರ್ಷ ಹೀಗೇ ಜಗ್ಗಾಡಿ ಕೊನೆಗೆ ಅರ್ಧ ಹೊಲದ ಹಣ್ಣನ್ನ ದನಗಳಿಗೆ ಹಾಕಿದ್ವಿ. ಆ ಎರಡು ದಿನ ಹಣ್ಣನ್ನ ತಣ್ಣಗೆ ಇಡೋ ಜಾಗ ಇದ್ದಿದ್ರೆ ಮಾತುಕತೆಯಲ್ಲಿ ನಗೋ ಸರದಿ ಅಪ್ಪನದ್ದಾಗಿರ್ತಿತ್ತು. ಅಮ್ಮ ಏನೂ ಅನ್ನಲಿಲ್ಲ, ಬೀಜ ತೊಳೆದು ಒಣಗಿಸಿಟ್ಟರು.

ಇದು ನಮ್ಮೊಬ್ಬರ ಮನೆ ಕಥೆ ಅಲ್ಲ. ಕೇಂದ್ರ ಸರ್ಕಾರದ ಕೃಷಿ ಸಂಶೋಧನಾ ಸಂಸ್ಥೆಯೊಂದು 2015ರಲ್ಲಿ ಕೊಟ್ಟ ಅಂದಾಜಿನ ಪ್ರಕಾರ ನಮ್ಮ ದೇಶದಲ್ಲಿ ಕೊಯ್ಲಾದ ಮೇಲೆ ಸೀಬೆಹಣ್ಣಿನಲ್ಲಿ ಸುಮಾರು ಶೇ. 16ರಷ್ಟು ಹಾಳಾಗುತ್ತೆ. ಆರರಲ್ಲಿ ಒಂದು ಹಣ್ಣು. ಇತ್ತ ಬೆಂಗಳೂರಿನಲ್ಲಿ ಆ್ಯಪ್ ಒತ್ತಿದ್ರೆ ಹತ್ತು ನಿಮಿಷಕ್ಕೆ ಐಸ್ ಕ್ಯೂಬಿನ ಪ್ಯಾಕೆಟ್ ಬಾಗಿಲಿಗೆ ಬರುತ್ತೆ. ಏಪ್ರಿಲ್ ಬಿಸಿಲಲ್ಲಿ ಹೆಲ್ಮೆಟ್ಟಿನೊಳಗೆ ಬೇಯ್ತಾ ಅದನ್ನ ತರೋ ಹುಡುಗ ಅಕ್ಬರನ ಅಂಬಿಗನ, ಅಲಹಾಬಾದಿನ ತಟ್ಟೆ ತುಂಬಿದವನ ವಾರಸುದಾರ. ಬಾಗಿಲಲ್ಲಿ ಮಾತಾಡಿಸಿದ್ರೆ ಎಷ್ಟೋ ಸಲ ನಮ್ಮ ಕಡೆಯವನೇ ಆಗಿರ್ತಾನೆ. ಪ್ಯಾಕೆಟ್ ತಗೊಳ್ಳುವಾಗ ಒಂದು ಲೋಟ ನೀರು ಬೇಕಾ ಅಂತ ಕೇಳೋಕೆ ಇತಿಹಾಸ ಓದಿರಬೇಕಾಗಿಲ್ಲ.

ಸರಿ, ಕಥೆ ಕೇಳಿ ಬಾಯಿ ಒಣಗಿರಬೇಕು. ಮಾಡೋಣ ಬನ್ನಿ, ಫ್ರೀಜರಿನಲ್ಲಲ್ಲ, ಹಳೇ ದಾರಿಯಲ್ಲಿ.

ಚೆನ್ನಾಗಿ ಹಣ್ಣಾದ ಒಂದು ಕರಬೂಜ ತಗೊಳ್ಳಿ. ತೊಟ್ಟಿನ ಹತ್ತಿರ ಮೂಸಿದ್ರೆ ಘಮ ಬರಬೇಕು. ಸಿಪ್ಪೆ, ಬೀಜ ತೆಗೆದು ಸುಮಾರು 600 ಗ್ರಾಂ ತಿರುಳನ್ನ ಮಿಕ್ಸಿಗೆ ಹಾಕಿ ನುಣ್ಣಗೆ ಮಾಡಿ. ಇದಕ್ಕೆ 120 ಗ್ರಾಂ ಸಕ್ಕರೆ, ಅರ್ಧ ನಿಂಬೆಹಣ್ಣಿನ ರಸ, ಒಂದು ಚಿಟಿಕೆ ಉಪ್ಪು, ಎರಡು ಏಲಕ್ಕಿಯ ಪುಡಿ. ಸಕ್ಕರೆ ಪೂರ್ತಿ ಕರಗಬೇಕು. ರಾಮನವಮಿ ರುಚಿ ಬೇಕಂದ್ರೆ ಸಕ್ಕರೆ ಬದಲು ಬೆಲ್ಲ, ಬಣ್ಣ ಸ್ವಲ್ಪ ಮಂಕಾಗುತ್ತೆ ಅಷ್ಟೆ. ಡಯಟ್ ಅಂತ ಸಕ್ಕರೆ ತೀರಾ ಕಮ್ಮಿ ಮಾಡಬೇಡಿ. ಮಂಜಿಗೆ ಉಪ್ಪು ಮಾಡೋ ಕೆಲಸವನ್ನೇ ಇಲ್ಲಿ ಸಕ್ಕರೆ ಮಾಡುತ್ತೆ. ಅದು ನೀರು ಪೂರ್ತಿ ಗಟ್ಟಿಯಾಗೋಕೆ ಬಿಡಲ್ಲ. ಸಕ್ಕರೆ ಕಡಿಮೆಯಾದ್ರೆ ಸಿಗೋದು ಸಾರ್ಬೆ ಅಲ್ಲ, ಕರಬೂಜದ ಕಲ್ಲು.

ಈ ರಸವನ್ನ ಮುಚ್ಚಳ ಬಿಗಿಯಾಗಿ ಕೂರೋ ಸ್ಟೀಲ್ ಡಬ್ಬಿಗೆ ಅರ್ಧದಷ್ಟು ತುಂಬಿ. ಪ್ಲಾಸ್ಟಿಕ್ ಬೇಡ, ಚಳಿ ಒಳಗೆ ಹೋಗಲ್ಲ. ದೊಡ್ಡ ಪಾತ್ರೆಯಲ್ಲಿ ಡಬ್ಬಿ ಇಟ್ಟು, ಸುತ್ತ ಪುಡಿ ಮಾಡಿದ ಐಸ್ ಒಂದು ಪದರ, ಕಲ್ಲುಪ್ಪು ಒಂದು ಪದರ ಹಾಕ್ತಾ ಬನ್ನಿ. ಒಂದೂವರೆ ಕಿಲೋ ಐಸಿಗೆ ಅರ್ಧ ಕಿಲೋ ಉಪ್ಪು. ಪಾತ್ರೆಗೆ ಹೊರಗಿಂದ ದಪ್ಪ ಟವೆಲ್ ಸುತ್ತಿ, ಅದು ನಿಮ್ಮ ಮರದ ಹೊಟ್ಟು. ಈಗ ಡಬ್ಬೀನ ಎಡಕ್ಕೊಂದ್ಸಲ, ಬಲಕ್ಕೊಂದ್ಸಲ ತಿರುಗಿಸ್ತಾ ಇರಿ. ಐದೈದು ನಿಮಿಷಕ್ಕೆ ಮುಚ್ಚಳ ಒರೆಸಿ ತೆಗೆದು, ಅಂಚಿಗೆ ಹೆಪ್ಪುಗಟ್ಟಿದ್ದನ್ನ ಚಮಚದಲ್ಲಿ ಕೆರೆದು ಮಧ್ಯಕ್ಕೆ ತನ್ನಿ. ಕೆರೆದಷ್ಟೂ ಹರಳು ಸಣ್ಣದಾಗುತ್ತೆ, ಸಾರ್ಬೆ ನುಣ್ಣಗಾಗುತ್ತೆ. ಉಪ್ಪು ನೀರು ಡಬ್ಬಿಯೊಳಗೆ ಹೋಗದಂಗೆ ನೋಡ್ಕೊಳ್ಳಿ, ಮಿಶ್ರಣಕ್ಕೆ ಬರಿಗೈ ಇಡಬೇಡಿ, ಮೈನಸ್ ಡಿಗ್ರಿಯ ಚಳಿ ಚರ್ಮ ಸುಡುತ್ತೆ. 1843ರಲ್ಲಿ ಅಮೆರಿಕದ ನ್ಯಾನ್ಸಿ ಜಾನ್ಸನ್ ಅನ್ನೋ ಹೆಂಗಸು ಕೈಯಿಂದ ತಿರುಗಿಸೋ ಐಸ್‌ಕ್ರೀಮ್ ಯಂತ್ರಕ್ಕೆ ಪೇಟೆಂಟ್ ಪಡೆದಿದ್ದು ಇದೇ ಕೆರೆಯೋ ಕೆಲಸ ಸುಲಭ ಮಾಡೋಕೆ.

ಮುಕ್ಕಾಲು ಗಂಟೆಯ ಒಳಗೆ ಚಮಚದಲ್ಲಿ ನಿಲ್ಲೋ ಹದಕ್ಕೆ ಬರುತ್ತೆ. ಅಷ್ಟು ಹೊತ್ತು ತಿರುಗಿಸಿದ್ರೆ ರಟ್ಟೆ ನೋಯುತ್ತೆ, ನೋಯಲಿ. ತಂಪಿನ ಹಿಂದೆ ಯಾರದ್ದೋ ರಟ್ಟೆ ಇರುತ್ತೆ ಅನ್ನೋದು ಆಗ ಓದಿ ತಿಳ್ಕೊಂಡ ವಿಷಯವಾಗಿ ಉಳಿಯಲ್ಲ. ಕೂಡ್ಲೇ ಬಟ್ಟಲಿಗೆ ಹಾಕಿ ತಿಂದುಬಿಡಿ, ಇದು ಕಾಯೋ ಜಾತಿ ಅಲ್ಲ. ಬೀಜ ಎಸೀಬೇಡಿ. ತೊಳೆದು ನೆರಳಲ್ಲಿ ಒಣಗಿಸಿ ಸಿಪ್ಪೆ ಬಿಡಿಸಿದ್ರೆ ಒಳಗಿನ ಬಿಳಿ ತಿರುಳನ್ನ ಸಾರ್ಬೆ ಮೇಲೆ ಉದುರಿಸಬಹುದು.

ಮತ್ತೆ ಕರಬೂಜ ಕೊಳ್ಳುವಾಗ, ಸಾಧ್ಯವಾದ್ರೆ ರಸ್ತೆ ಬದಿ ಟ್ರ್ಯಾಕ್ಟರಿನಲ್ಲಿ ಗುಡ್ಡೆ ಹಾಕ್ಕೊಂಡು ಕೂತಿರೋ ರೈತನ ಹತ್ತಿರ ಕೊಳ್ಳಿ. ಸಂಜೆ ಆಗಿದ್ರೆ ಚೌಕಾಸಿ ಮಾಡಬೇಡಿ. ಅವನ ಹತ್ತಿರ ಫ್ರಿಜ್ ಇಲ್ಲ.